ಮಾಸ್ತರರ ಓಲೆ: ಬೋಲಪಟಕ್ಕೆ ಮಾತು ಬರೆದವರು



ಕಳೆದ ತಿಂಗಳು ಭಾಲ್ಕಿಯಿಂದ ಒಬ್ಬ ಗೃಹಸ್ಥರ ಪತ್ರವು ನನ್ನ ಕೈ ಸೇರಿತು. ಅವರ ಹೆಸರನ್ನು ಇಲ್ಲಿ ಕಾಣಿಸುವ ಕಾರಣವಿಲ್ಲ. ಅಕ್ಷರಗಳು ಮುತ್ತು ಪೋಣಿಸಿದಂತಿದ್ದವು. ಆದರೆ ಬರೆದವರ ಮನಸ್ಸು ಸಮಾಧಾನದಲ್ಲಿರಲಿಲ್ಲವೆಂಬುವದು ಎರಡನೆಯ ಸಾಲಿನಲ್ಲಿಯೇ ತಿಳಿಯುವಂತಿತ್ತು. ಅವರ ಮಗನು ಬಿ.ಎ. ಮುಗಿಸಿ ಮನೆಯಲ್ಲಿ ಕುಳಿತಿರುವನು. ತಂದೆಯು ಅವನನ್ನು ಬಿ.ಎಡ್. ಓದಿಸಬೇಕೆಂದಿರುವರು, ಮಗನಾದರೋ ಬೆಂಗಳೂರಿಗೆ ಹೋಗಿ ಸಿನೇಮಾಗಳಿಗೆ ಮಾತು ಬರೆಯುವೆನೆಂದು ಹಟ ಹಿಡಿದಿರುವನು. ಎರಡು ತಿಂಗಳಿನಿಂದ ತಂದೆಮಕ್ಕಳು ಒಂದೇ ಪಂಕ್ತಿಯಲ್ಲಿ ಉಂಡರೂ ಒಬ್ಬರೊಡನೊಬ್ಬರು ಮಾತಾಡುವದಿಲ್ಲವಂತೆ. ಪತ್ರದ ಕೊನೆಯಲ್ಲಿ ಅವರು ಹೀಗೆ ಕೇಳಿರುವರು: "ಗುರುಗಳೇ, ನಟನಾಗುತ್ತೇನೆಂದಿದ್ದರೆ ಬೈದು ಸುಮ್ಮನಾಗುತ್ತಿದ್ದೆ. ಇವನು ಮಾತು ಬರೆಯುತ್ತೇನೆನ್ನುತ್ತಾನೆ. ಸಿನೇಮಾದಲ್ಲಿ ಮಾತು ಬರೆಯುವವರು ಬೇರೆಯೇ ಇರುತ್ತಾರೇನು? ಅದರಿಂದ ಹೊಟ್ಟೆ ತುಂಬುವದೇನು? ಅದರಲ್ಲಿ ಮರ್ಯಾದೆ ಉಂಟೇನು?"

ಒಂದು ಕಾರ್ಡಿನಲ್ಲಿ ಉತ್ತರ ಬರೆದು ಮುಗಿಸಬಹುದಿತ್ತು. ಆದರೆ ಮೊದಲನೆಯ ಪ್ರಶ್ನೆಯೇ ನನ್ನ ಕೈಯನ್ನು ತಡೆಯಿತು. ನಮ್ಮ ಬೀದರ ನಗರದಲ್ಲಿ ಬಿದರಿ ಕೆಲಸದ ಹೂಜಿಯನ್ನು ಕೊಳ್ಳುವವನು ಅದರ ಮೇಲಿನ ಬೆಳ್ಳಿಯ ಬಳ್ಳಿಯನ್ನು ನೋಡಿ ತಲೆದೂಗುತ್ತಾನಷ್ಟೆ. ಸತುವು ತಾಮ್ರಗಳನ್ನು ಕರಗಿಸಿ ಎರಕ ಹೊಯ್ದವನೊಬ್ಬನು, ಉಳಿಯಿಂದ ಚಿತ್ರ ಕೊರೆದವನೊಬ್ಬನು, ಕೊರೆದ ಗೆರೆಯಲ್ಲಿ ಬೆಳ್ಳಿಯ ತಂತಿಯನ್ನು ಕೂಡಿಸಿದವನೊಬ್ಬನು, ಕೋಟೆಯ ಮಣ್ಣನ್ನು ಹಾಕಿ ಕುದಿಸಿ ಕಪ್ಪೇರಿಸಿದವನೊಬ್ಬನು. ಹೂಜಿಯ ಮೇಲೆ ಇವರಾರ ಹೆಸರೂ ಇರುವದಿಲ್ಲ. ಸಿನೇಮಾದ ಮಾತಿನ ಗತಿಯೂ ಅದೇ. ರಾಜಕುಮಾರರು ಹೀಗೆ ಅಂದರು, ಹಾಗೆ ಅಂದರು ಎಂದು ಹೇಳುವವರು ಮನೆಮನೆಗೆ ಉಂಟು. ಅವರ ಬಾಯಿಗೆ ಆ ಮಾತನ್ನು ಇಟ್ಟವರು ಯಾರೆಂದು ಕೇಳಿದವರು ವಿರಳ. ಭರತಮುನಿಯು ಅಭಿನಯವನ್ನು ನಾಲ್ಕು ವಿಧವಾಗಿ ವಿಂಗಡಿಸಿ, ಅವುಗಳಲ್ಲಿ ವಾಚಿಕಕ್ಕೆ ವಿಶೇಷವಾದ ಸ್ಥಾನವನ್ನು ಕೊಟ್ಟು, ವಾಕ್ಕೇ ನಾಟ್ಯದ ಶರೀರವೆಂದು ಹೇಳಿರುವನು. ಶರೀರವನ್ನೇ ಮರೆತು ಆಭರಣವನ್ನು ಕೊಂಡಾಡುವ ಕಾಲವಿದು ಎಂದು ನಾನು ಗೊಣಗುವದುಂಟು. ಮನೆಯವರು ಕಿವಿಗೊಡುವದಿಲ್ಲ.

ಆದುದರಿಂದ ಈ ತಿಂಗಳು ಆ ಕೆಲಸವನ್ನೇ ಜೀವಮಾನವಿಡೀ ಮಾಡಿದ ಒಬ್ಬ ಪುರುಷನ ವಿಚಾರವನ್ನು ಬರೆಯುವೆನು. ಅವರು ಚಿ. ಉದಯಶಂಕರ.

ಕನ್ನಡದ ಮೊದಲನೆಯ ವಾಕ್ಚಿತ್ರವಾದ 'ಸತಿ ಸುಲೋಚನ'ವು 1934ನೆಯ ಇಸವಿ ಮಾರ್ಚಿ 3ನೆಯ ತಾರೀಖಿಗೆ ಬೆಂಗಳೂರಿನಲ್ಲಿ ತೆರೆ ಕಂಡಿತು. ಅದನ್ನು ಚಿತ್ರೀಕರಿಸಿದ್ದು ಬೆಂಗಳೂರಿನಲ್ಲಿ ಅಲ್ಲ, ಕೊಲ್ಲಾಪುರದಲ್ಲಿ, ವೈ. ವಿ. ರಾಯರು ನಿರ್ದೇಶಕರು, ಸುಬ್ಬಯ್ಯ ನಾಯ್ಡು, ಆರ್. ನಾಗೇಂದ್ರರಾಯರು ನಟರು. ಅದಕ್ಕೆ ಮಾತನ್ನೂ ಹಾಡನ್ನೂ ಬರೆದವರು ತುಮಕೂರಿನ ಸೀಮೆಯ ಬೆಳ್ಳಾವೆ ನರಹರಿ ಶಾಸ್ತ್ರಿಗಳು. ಗುಬ್ಬಿ ಕಂಪನಿಗೆ ನಾಟಕಗಳನ್ನು ಬರೆದು ಕೊಟ್ಟವರು ಅವರೇ. ಹೀಗೆ ಕನ್ನಡ ಬೋಲಪಟದ ಮೊದಲ ಲೇಖಣಿಯು ಒಬ್ಬ ಶಾಸ್ತ್ರಿಗಳ ಕೈಯಲ್ಲಿತ್ತೆಂಬುವದು ನನ್ನಂಥವರಿಗೆ ಒಂದು ಸಣ್ಣ ಹೆಮ್ಮೆಯ ವಿಷಯವಾಗಿದೆ. ಆ ಚಿತ್ರದ ಒಂದು ಪ್ರತಿಯೂ ಈಗ ಉಳಿದಿಲ್ಲ. ಅದು ತೆರೆ ಕಾಣುವದಕ್ಕೆ ಕೆಲವೇ ದಿನ ಮೊದಲು, ಅದೇ ವರ್ಷದ ಫೆಬ್ರುವರಿಯಲ್ಲಿ, ಉದಯಶಂಕರರು ಹುಟ್ಟಿದರು. ಕನ್ನಡ ವಾಕ್ಚಿತ್ರಕ್ಕೂ ಅವರಿಗೂ ಒಂದೇ ವಯಸ್ಸು.

ಅವರ ತಂದೆ ಚಿ. ಸದಾಶಿವಯ್ಯನವರೂ ಚಿತ್ರಗಳಿಗೆ ಹಾಡು ಮತ್ತು ಸಂಭಾಷಣೆಗಳನ್ನು ಬರೆದವರೇ. ತಮ್ಮ ದತ್ತರಾಜರು ಚಿತ್ರನಿರ್ದೇಶಕರಾದರು; ಮಗ ಗುರುದತ್ತರು ನಟರಾದರು. ಭಾಲ್ಕಿಯ ತಂದೆಯವರು ಈ ಸಂಗತಿಯನ್ನು ಗಮನಿಸತಕ್ಕದ್ದು. ಕುಂಬಾರನ ಮಗನಿಗೆ ತಿಗರಿಯನ್ನು ತೋರಿಸಿಕೊಡಬೇಕಾಗಿಲ್ಲ. ಉದಯಶಂಕರರು ಕಲಿತ ವಿದ್ಯೆಯು ಅವರ ಮನೆಯ ಜಗಲಿಯ ಮೇಲೆಯೇ ಇತ್ತು. ತಮ್ಮ ಮಗನಿಗೆ ಆ ಅನುಕೂಲವಿಲ್ಲ. ಇದನ್ನು ಮರೆಮಾಚಿ ನಾನು ಹುಡುಗನ ಪಕ್ಷ ವಹಿಸಲಾರೆನು.

ಅವರು ಮಾತು ಬರೆದ ಮೊದಲನೆಯ ಚಿತ್ರವು 1963ರ 'ಸಂತ ತುಕಾರಾಂ'. ನಮ್ಮ ಸೀಮೆಯವರಿಗೆ ಇದರ ಸ್ವಾರಸ್ಯವು ಬೆಂಗಳೂರಿನವರಿಗಿಂತ ಒಂದು ಹಿಡಿ ಹೆಚ್ಚೇ ತಿಳಿಯುವದು. ಔರಾದದಲ್ಲಿ, ಕಮಲನಗರದ ಕಡೆಯಲ್ಲಿ, ಆಷಾಢ ಬಂತೆಂದರೆ ಪಂಢರಪುರದ ವಾರಿಗೆ ಹೊರಡುವವರ ತಾಳದ ಸಪ್ಪಳವು ಕೇಳಬರುತ್ತದೆ. ತುಕಾರಾಮರು ನಮ್ಮಲ್ಲಿ ಪರಸ್ಥಳದವರಲ್ಲ. ಆದರೆ ಅವರು ಮಾತಾಡುತ್ತಿದ್ದುದು ಮರಾಠಿಯಲ್ಲಿ. ಪುಣೆಯ ಪ್ರಭಾತ ಕಂಪನಿಯವರು 1936ರಲ್ಲಿ ತೆಗೆದ ಮರಾಠಿಯ 'ಸಂತ ತುಕಾರಾಮ'ವು ವೆನಿಸಿನವರೆಗೆ ಹೋಗಿ ಮನ್ನಣೆ ಪಡೆದ ಚಿತ್ರವಾಗಿತ್ತು. ಅಂಥದೊಂದು ಕಣ್ಣೆದುರಿಗಿರುವಾಗ, ದೇಹೂ ಗ್ರಾಮದ ಒಬ್ಬ ವ್ಯಾಪಾರಿಯ ಭಕ್ತಿಯನ್ನು ಕನ್ನಡದ ಮನೆಮಾತಿನಲ್ಲಿ ಆಡಿಸಿ ತೋರಿಸುವದು ಹೊಸಬನಿಗೆ ಹಗುರವಾದ ಕೆಲಸವಲ್ಲ. ನಾನು ಆ ಚಿತ್ರವನ್ನು ಬಹಳ ತಡವಾಗಿ ನೋಡಿದೆನು. ಮೊದಲು ಮರಾಠಿಯ ತುಕಾರಾಮರೇ ಕಿವಿಯಲ್ಲಿ ನಿಂತಿದ್ದರು. ಅರ್ಧ ತಾಸಿನಲ್ಲಿ ಅವರು ಕನ್ನಡದವರೇ ಆಗಿ ಹೋದರು.

ಅಲ್ಲಿಂದ ಮುಂದೆ ಮೂವತ್ತು ವರುಷಗಳ ಕಾಲ ಅವರ ಕೈ ನಿಂತದ್ದಿಲ್ಲ. ಚಿತ್ರಗಳ ಹೆಸರುಗಳನ್ನೆಲ್ಲ ಬರೆದರೆ ಈ ಪುಟವು ಪಂಚಾಂಗವಾದೀತು. ರಾಜಕುಮಾರರ ಚಿತ್ರಗಳಲ್ಲಿ ಹಲವು ಹತ್ತಕ್ಕೆ ಮಾತೋ ಹಾಡೋ, ಬಹಳ ಸಾರೆ ಎರಡೂ, ಅವರವೇ. ಆಗ ಕನ್ನಡ ಚಿತ್ರಗಳ ಕೆಲಸವು ಬಹುಮಟ್ಟಿಗೆ ಮದರಾಸಿನ ಸ್ಟುಡಿಯೋಗಳಲ್ಲಿ ನಡೆಯುತ್ತಿತ್ತು. ಸುತ್ತಲೂ ತಮಿಳು ತೆಲುಗುಗಳ ಗದ್ದಲವಿರಲು ಅದರ ನಡುವೆ ಕುಳಿತು ಕನ್ನಡದ ಗಂಡಹೆಂಡಿರ ಜಗಳವನ್ನೂ ತಾಯಿಮಕ್ಕಳ ಅಕ್ಕರೆಯನ್ನೂ ಬರೆಯಬೇಕಾಗಿತ್ತು. ಚಿಕ್ಕ ಪಾತ್ರಗಳಲ್ಲಿ ಅವರು ತಾವೇ ಬಣ್ಣ ಹಚ್ಚಿಕೊಂಡದ್ದೂ ಉಂಟು.

1971ರ 'ಕಸ್ತೂರಿ ನಿವಾಸ'ವನ್ನು ನೋಡದ ಮನೆಯು ಇರಲಾರದು. ಕಥೆಯು ಜಿ. ಬಾಲಸುಬ್ರಹ್ಮಣ್ಯಂ ಎಂಬವರದು; ಮಾತು ಉದಯಶಂಕರರದು. ಬೆಂಕಿಪೆಟ್ಟಿಗೆಯ ಕಾರಖಾನೆಯ ಒಡೆಯನು ಕೊಡುತ್ತ ಕೊಡುತ್ತ ಬರಿಗೈಯವನಾಗುತ್ತಾನೆ. ಅವನ ಮುದ್ದಿನ ಪಾರಿವಾಳವನ್ನು ಬೇಡಲೆಂದು ಬಂದ ಅತಿಥಿಗೆ, ಬಡಿಸಲು ಮನೆಯಲ್ಲಿ ಬೇರೇನೂ ಇಲ್ಲದ್ದರಿಂದ, ಆ ಪಾರಿವಾಳವೇ ಆಗಲೇ ಕೈಬಿಟ್ಟು ಹೋಗಿರುತ್ತದೆ. ನಮ್ಮ ಶಿಬಿ ಚಕ್ರವರ್ತಿಯ ಕಥೆಯನ್ನು ತಿರುಗಿಸಿ ಹಾಕಿದಂತಿದೆ: ಅಲ್ಲಿ ಪಾರಿವಾಳವನ್ನುಳಿಸಲು ಅರಸನು ತನ್ನ ಮಾಂಸವನ್ನು ಕೊಯ್ದು ಕೊಟ್ಟನು, ಇಲ್ಲಿ ಕೊಡುವ ವ್ರತವನ್ನುಳಿಸಲು ಪಾರಿವಾಳವೇ ಹೋಯಿತು. ಇಂಥ ಸ್ಥಳದಲ್ಲಿ ಸಾಧಾರಣ ಲೇಖಕನಾದರೆ ಒಂದು ಪುಟದ ಭಾಷಣವನ್ನು ಬರೆದು ಕಣ್ಣೀರು ಸುರಿಸುತ್ತಿದ್ದನು. ಅಲ್ಲಿ ಮಾತು ಬಹಳ ಕಡಿಮೆ. ಎಲ್ಲಿ ಬರೆಯಬಾರದೆಂಬುವದನ್ನು ತಿಳಿಯುವದೇ ಈ ವಿದ್ಯೆಯ ಅರ್ಧಭಾಗವೆಂದು ತೋರುತ್ತದೆ. ಅದೇ ಚಿತ್ರದ ಬೊಂಬೆಯ ಹಾಡನ್ನೂ ಅವರೇ ಬರೆದರು. ಬೀಳಿಸಿದರೂ ಮಗುಚದ ಒಂದು ಆಟಿಕೆಯನ್ನು ಹಿಡಿದು ಇಡೀ ಕಥೆಯ ಮರ್ಮವನ್ನು ಹೇಳಿಬಿಟ್ಟರು.

1973ರಲ್ಲಿ, ನಮ್ಮ ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದ ವರ್ಷವೇ, 'ಗಂಧದ ಗುಡಿ' ಬಂದಿತು. ಅದರಲ್ಲಿ ಕನ್ನಡ ನುಡಿಯನ್ನು ಕುರಿತ ಹಾಡೂ ಅವರದು. ಅದನ್ನು ಹಾಡದೆ ನವೆಂಬರ ತಿಂಗಳು ನಮ್ಮ ಶಾಲೆಗಳಲ್ಲಿ ಮುಗಿಯುವದಿಲ್ಲ. ಬೀದರ ಜಿಲ್ಲೆಯಲ್ಲಿ ಆ ಹಾಡಿಗೆ ಇರುವ ತೂಕವೇ ಬೇರೆ. ನಿಜಾಮನ ಆಳಿಕೆಯಲ್ಲಿ ಇಲ್ಲಿಯ ಶಾಲೆ ಕಚೇರಿಗಳ ಮಾತು ಉರ್ದು. ಭಾಲ್ಕಿಯ ಹಿರೇಮಠದ ಚೆನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕವನ್ನು ಹಾಕಿ ಒಳಗೆ ಮಕ್ಕಳಿಗೆ ಕನ್ನಡವನ್ನು ಕಲಿಸಿದ ಕಥೆಯನ್ನು ಹಿರಿಯರ ಬಾಯಿಂದ ಕೇಳದವರಿಲ್ಲ. 1948ರ ಸೆಪ್ಟೆಂಬರಿನಲ್ಲಿ ಆ ಆಳಿಕೆಯು ಮುಗಿಯಿತು. 1956ರಲ್ಲಿ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ಆದರೆ ಸೇರಿದ ಮಾತ್ರಕ್ಕೆ ನಾಲಿಗೆಯು ತಿರುಗುವದೇ? ಮನೆಯಲ್ಲಿ ಮರಾಠಿ, ಬಜಾರಿನಲ್ಲಿ ಉರ್ದು, ಗಡಿ ದಾಟಿದರೆ ತೆಲುಗು. ಕನ್ನಡವು ಪಠ್ಯಪುಸ್ತಕದಲ್ಲಿ ಮಾತ್ರ.

ಇಲ್ಲಿ ನನ್ನ ತಪ್ಪೊಂದನ್ನು ಹೇಳಿಕೊಳ್ಳಬೇಕಾಗಿದೆ. ನಾನು ಔರಾದ ತಾಲ್ಲೂಕಿನ ಒಂದು ಶಾಲೆಯಲ್ಲಿದ್ದೆನು. ನೌಕರಿಗೆ ಸೇರಿ ಮೂರನೆಯ ವರ್ಷ, 1989. ಸೋದರಮಾವನ ಬಳಿಯಲ್ಲಿ ಅಮರಕೋಶವನ್ನು ಬಾಯಿಪಾಠ ಮಾಡಿ ಬಂದ ಸೊಕ್ಕು ಇಳಿದಿರಲಿಲ್ಲ. ಆರನೆಯ ತರಗತಿಯವರಿಗೆ ತಾಯಿಯನ್ನು ಕುರಿತು ಒಂದು ಪ್ರಬಂಧವನ್ನು ಬರೆಯಹೇಳಿದೆನು. ಮರಾಠಿ ಮನೆಮಾತಿನ ಒಬ್ಬ ಹುಡುಗನು, ದಿನವೂ ಎರಡು ಕನ್ನಡ ವಾಕ್ಯಗಳನ್ನು ಕೂಡಿಸಲು ತಡಕಾಡುವವನು, 'ಶಿರಸಾವಹಿಸಿ' ಎಂದೂ 'ಮಾತೃಋಣ' ಎಂದೂ ಬರೆದು ತಂದನು. ಯಾವುದೋ ಗೈಡಿನಿಂದ ಕದ್ದು ಬರೆದನೆಂದು ಎಲ್ಲರೆದುರು ಹೇಳಿ ಅವನನ್ನು ಹೊರಗೆ ನಿಲ್ಲಿಸಿದೆನು. ಮರುದಿನ ಅವನು ಬರಲಿಲ್ಲ. ನಾಲ್ಕನೆಯ ದಿನವೂ ಬಾರದಿರಲು ನಾನೇ ಅವನ ಮನೆಗೆ ಹೋದೆನು. ಅಜ್ಜಿಯು ಕಟ್ಟೆಯ ಮೇಲೆ ಜೋಳ ಹಸನು ಮಾಡುತ್ತಿದ್ದಳು. ತಲೆಯ ಮೇಲೆ ಸೆರಗೆಳೆದುಕೊಂಡು, "ಗುರೂಜಿ, ತ್ಯಾನೇ ಚೋರೀ ನಾಹೀ ಕೇಲೀ," ಎಂದಳು. ಅವನು ಕದ್ದಿಲ್ಲ. ಅಷ್ಟೇ ಅವಳ ವಾದ.

ಹುಡುಗನ ತಂದೆಗೆ ಬಸ್ ನಿಲ್ದಾಣದ ಹತ್ತಿರ ಚಹಾದ ಅಂಗಡಿಯಿತ್ತು. ಅಲ್ಲೊಂದು ಟೇಪ್ ರಿಕಾರ್ಡರು. ಗಿರಾಕಿಗಳಿಗಾಗಿ ಸಿನೇಮಾದ ಮಾತುಗಳ ಕ್ಯಾಸೆಟ್ಟನ್ನು ಹಚ್ಚುತ್ತಿದ್ದರು; 'ಮಯೂರ'ದ್ದು ಅವುಗಳಲ್ಲೊಂದು. ದೇವುಡು ನರಸಿಂಹ ಶಾಸ್ತ್ರಿಗಳ ಕಾದಂಬರಿಯಿಂದ 1975ರಲ್ಲಿ ಮಾಡಿದ ಚಿತ್ರವದು. ಕಾಂಚಿಯಲ್ಲಿ ಅವಮಾನವನ್ನುಂಡ ಬ್ರಾಹ್ಮಣ ವಟುವು ಕದಂಬರ ಅರಸನಾದ ಕಥೆ. ಮಾತು ಉದಯಶಂಕರರದು. ಕಪ್ಪುಬಸಿಗಳನ್ನು ತೊಳೆಯುತ್ತ ಆ ಹುಡುಗನು ಅದನ್ನು ನೂರು ಸಾರೆ ಕೇಳಿದ್ದನು. ಹೇಳು ನೋಡೋಣವೆಂದೆನು. ನೆಲವನ್ನು ನೋಡುತ್ತ ಆರಂಭಿಸಿದವನು ನಿಲ್ಲಿಸಲೇ ಇಲ್ಲ. ಒಂದು ಮಹಾಪ್ರಾಣವೂ ತಪ್ಪಲಿಲ್ಲ. (ನಮ್ಮ ಕನ್ನಡದ ಮನೆಯ ಮಕ್ಕಳು ಧ ಭಗಳನ್ನು ನುಂಗುವದು ನಿತ್ಯದ ಗೋಳು, ಅವನಿಗೆ ಅದು ಮರಾಠಿಯ ಉಪಕಾರ.) ಮಾತೃಋಣವೆಂದರೇನೆಂದು ಕೇಳಿದರೆ ಅರ್ಥವನ್ನು ಸರಿಯಾಗಿಯೇ ಹೇಳಿದನು. ನಾನು ತಪ್ಪಾಯಿತೆಂದು ಹೇಳಿದೆನೇ? ಇಲ್ಲ. ನಾಳೆಯಿಂದ ಶಾಲೆಗೆ ಬಾ ಎಂದಷ್ಟೇ ಹೇಳಿ ಎದ್ದು ಬಂದೆನು. ಬಂದನು, ಆದರೆ ಆಮೇಲಿನ ಅವನ ಪ್ರಬಂಧಗಳಲ್ಲಿ ಅಂಥ ಶಬ್ದಗಳು ಕಾಣಿಸಲೇ ಇಲ್ಲ. ಪಠ್ಯಪುಸ್ತಕದಲ್ಲಿದ್ದಷ್ಟನ್ನೇ ಬರೆಯತೊಡಗಿದ್ದನು.

ಇದನ್ನು ನೆನೆದಾಗಲೆಲ್ಲ ಸಿನೇಮಾದ ಮಾತನ್ನು ಹಗುರಾಗಿ ಕಾಣುವ ಪಂಡಿತರ ಮೇಲೆ ನನಗೆ ಕೋಪ ಬರುತ್ತದೆ. ಅವರಲ್ಲಿ ನಾನೂ ಒಬ್ಬನಾಗಿದ್ದೆನೆಂಬುವದು ಆ ಕೋಪಕ್ಕೆ ಒಗ್ಗರಣೆ.

ಇನ್ನೊಂದು ಚಿತ್ರದ ಸಂಗತಿಯನ್ನು ಹೇಳದಿರಲಾರೆನು. 1985ರ 'ಬೆಟ್ಟದ ಹೂವು.' ಎನ್. ಲಕ್ಷ್ಮೀನಾರಾಯಣರು ನಿರ್ದೇಶಿಸಿದ್ದು, ಬಾಲಕ ಪುನೀತನಿಗೆ ರಾಷ್ಟ್ರಪ್ರಶಸ್ತಿಯು ಬಂದದ್ದು. ಬಡ ಹುಡುಗನೊಬ್ಬನು ಕಾಡಿನ ಹೂಗಳನ್ನು ತಂದು ಮಾರಿ, ಕುವೆಂಪುರವರ 'ಶ್ರೀ ರಾಮಾಯಣ ದರ್ಶನಂ' ಪುಸ್ತಕವನ್ನು ಕೊಳ್ಳಲು ಕಾಸು ಕೂಡಿಸುತ್ತಾನೆ; ಕೊನೆಗೆ ಆ ಹಣದಿಂದ ಮನೆಯವರಿಗೆ ಕಂಬಳಿಯನ್ನು ಕೊಂಡು ತರುತ್ತಾನೆ. ಹಾಡುಗಳು ಉದಯಶಂಕರರವು. ಅವುಗಳಲ್ಲಿ ಶಾರದೆಯನ್ನು ಕುರಿತ ಪ್ರಾರ್ಥನೆಯೊಂದಿದೆಯಲ್ಲ, ಅದನ್ನು ನಾನು ಕೆಲಸ ಮಾಡಿದ ಶಾಲೆಗಳಲ್ಲಿ ಮಕ್ಕಳು ಮುಂಜಾನೆ ಸಾಲಾಗಿ ನಿಂತು ಹಾಡುತ್ತಿದ್ದರು. ಯಾವುದೋ ಪುರಾತನ ಕವಿಯ ಕೃತಿಯೆಂದೇ ಹೊಸ ಶಿಕ್ಷಕರೊಬ್ಬರು ತಿಳಿದಿದ್ದರು. ಸಿನೇಮಾದ್ದೆಂದು ಹೇಳಿದಾಗ ಅವರ ಮುಖವು ಸಣ್ಣದಾಯಿತು. ಬರೆದವನ ಹೆಸರು ಅಳಿದು ಹಾಡು ಪುರಾತನವಾಗಿ ಬಿಡುವದು, ನನ್ನ ಎಣಿಕೆಯಲ್ಲಿ, ರಾಷ್ಟ್ರಪ್ರಶಸ್ತಿಗಿಂತ ಸಣ್ಣದಲ್ಲ. ಆದರೆ ಅದರಿಂದ ಮನೆ ನಡೆಯುವದಿಲ್ಲ, ಭಾಲ್ಕಿಯ ತಂದೆಯವರು ಕೇಳುವದೂ ಅದನ್ನೇ ಅಲ್ಲವೇ?

ಸಂಸ್ಕೃತ ಓದಿದವನಾದ್ದರಿಂದ 1983ರ 'ಕವಿರತ್ನ ಕಾಳಿದಾಸ'ದ ಬಗೆಗೆ ನನಗೆ ತಕರಾರು ಇರುತ್ತದೆ. ಕುರಿ ಕಾಯುವವನಿಗೆ ಕಾಳಿಯು ಒಲಿದು ಅವನು ಕವಿಯಾದನೆಂಬುವದು ದಂತಕಥೆಯೇ ಹೊರತು ಇತಿಹಾಸವಲ್ಲ. ಆದರೂ ಸಂಭಾಷಣೆಯ ದೃಷ್ಟಿಯಿಂದ ನೋಡಿದರೆ ಅದೊಂದು ಕಠಿಣವಾದ ಪರೀಕ್ಷೆ. ಒಂದೇ ಗಂಟಲಿನಿಂದ ಮೊದಲು ಕುರಿಗಾಹಿಯ ಮಾತು, ಅನಂತರ ಮಹಾಕವಿಯ ಮಾತು ಹೊರಡಬೇಕು. ಎರಡನ್ನೂ ಕೇಳುವವನು ನಂಬಬೇಕು. ಅವರು ತೇರ್ಗಡೆಯಾದರೆಂದೇ ನನ್ನ ಅಭಿಪ್ರಾಯ.

ಇಷ್ಟೆಲ್ಲ ಹೊಗಳಿದ ಮೇಲೆ ಒಂದು ಕೊರತೆಯನ್ನೂ ಹೇಳತಕ್ಕದ್ದು. ಆ ಚಿತ್ರಗಳ ಕನ್ನಡವು ಹಳೆಯ ಮೈಸೂರಿನ ಕನ್ನಡ. "ಏನ್ ಮಾಡ್ಲತ್ತಿ" ಎನ್ನುವ ನಮ್ಮ ಬೀದರದ ಬಾಯಿಯು ಪರದೆಯ ಮೇಲೆ ಬಂದರೆ ಬಹುಶಃ ನಗಿಸಲಿಕ್ಕೆಂದೇ ಬರುತ್ತದೆ. 1974ರ 'ಸಂಪತ್ತಿಗೆ ಸವಾಲ್' ಚಿತ್ರದ ಮೂಲವು ನಮ್ಮ ಉತ್ತರದ ಸೀಮೆಯ ಪಿ. ಬಿ. ಧುತ್ತರಗಿಯವರ ಕಂಪನಿ ನಾಟಕ. ಅದರಲ್ಲಿ ಉದಯಶಂಕರರು ಬರೆದ, ರಾಜಕುಮಾರರು ಎಮ್ಮೆಯ ಮೇಲೆ ಕುಳಿತು ತಾವೇ ಹಾಡಿದ ಹಾಡು ನಾಡೆಲ್ಲ ಮೊಳಗಿತು. ನಾಟಕವು ಇಲ್ಲಿಯದು, ಪರದೆಗೆ ಏರುವಾಗ ಮಾತು ಅಲ್ಲಿಯದಾಯಿತು. ಇದು ಒಬ್ಬ ಲೇಖಕನ ದೋಷವಲ್ಲ, ಹಣ ಹಾಕುವವರು ಇದ್ದ ಊರಿನ ದೋಷ. ಸಂಸ್ಕೃತ ನಾಟಕಗಳಲ್ಲಿಯೂ ಅರಸನಿಗೆ ಸಂಸ್ಕೃತ, ಸೇವಕರಿಗೆ ಪ್ರಾಕೃತ ಎಂಬ ಭೇದವಿತ್ತಷ್ಟೆ. ಆದರೆ ಶಾಕುಂತಲದಲ್ಲಿ ಕಳೆದ ಉಂಗುರವು ಸಿಕ್ಕುವದು ಮಾಗಧಿಯಲ್ಲಿ ಮಾತಾಡುವ ಬೆಸ್ತನಿಗೆ. ಅವನು ಬಾಯಿ ತೆರೆಯದಿದ್ದರೆ ದುಷ್ಯಂತನ ಸಂಸ್ಕೃತವೆಲ್ಲ ವ್ಯರ್ಥವಾಗುತ್ತಿತ್ತು.

ಪರಭಾಷೆಯ ಮನೆಯಿಂದ ಬಂದವನು ಇನ್ನೊಂದು ಭಾಷೆಯ ಚಿತ್ರಗಳಿಗೆ ಬರೆಯಬಲ್ಲನೇ ಎಂದು ಯಾರಾದರೂ ಕೇಳಿದರೆ ಯುರೋಪಿನ ಒಂದು ದೃಷ್ಟಾಂತವಿದೆ. ಎಮೆರಿಕ್ ಪ್ರೆಸ್‌ಬರ್ಗರ್ ಎಂಬವನು 1902ರಲ್ಲಿ ಹಂಗೇರಿ ದೇಶದ ಮಿಶ್ಕೋಲ್ಟ್ಸ್ ಎಂಬ ಊರಿನಲ್ಲಿ ಹುಟ್ಟಿದ ಯೆಹೂದ್ಯನು. ಬರ್ಲಿನ್ನಿನಲ್ಲಿ ಚಿತ್ರಗಳಿಗೆ ಬರೆಯುತ್ತಿದ್ದನು. 1933ರಲ್ಲಿ ಹಿಟ್ಲರನ ಅಧಿಕಾರ ಬರಲು ಪ್ಯಾರಿಸಿಗೆ ಓಡಿದನು. 1935ರಲ್ಲಿ ಲಂಡನ್ನಿಗೆ ಬಂದು, ದೊಡ್ಡವನಾದ ಮೇಲೆ ಇಂಗ್ಲಿಷನ್ನು ಕಲಿತನು. ಹಿಂದೆ ಉಳಿದ ಅವನ ತಾಯಿಯು ನಾಜಿಗಳ ಬಂದೀಶಿಬಿರದಲ್ಲಿ ಮಡಿದಳು. ಅವನು ಬರೆದ 1941ರ ಚಿತ್ರವೊಂದರ ಕಥೆಗೆ ಅಮೆರಿಕದ ಆಸ್ಕರ್ ಪಾರಿತೋಷಕವು ದೊರೆಯಿತು. ಮೈಕೇಲ್ ಪೊವೆಲ್ ಎಂಬ ನಿರ್ದೇಶಕನು ಅವನೊಡನೆ ಕೂಡಿದಾಗ, ಬರವಣಿಗೆ, ನಿರ್ಮಾಣ, ನಿರ್ದೇಶನ ಮೂರಕ್ಕೂ ಇಬ್ಬರ ಹೆಸರನ್ನೂ ಒಂದೇ ಸಾಲಿನಲ್ಲಿ ಹಾಕಿದರು. ಬರೆದವನನ್ನು ಎತ್ತಿ ಹಿಡಿದ ಅಂಥ ಪಾಲುಗಾರಿಕೆಯು ಲೋಕದಲ್ಲಿ ಅಪರೂಪ.

ಉದಯಶಂಕರರಿಗೂ ಒಂದು ಮನೆಯ ನೆಳಲಿತ್ತು. ರಾಜಕುಮಾರರ ಮನೆಯವರು ಚಿತ್ರಗಳನ್ನು ತೆಗೆಯುವಾಗ ಕಥೆಯ ಚರ್ಚೆಗೆ ಅವರು ಕೂಡುತ್ತಿದ್ದರು. ವರುಷ ವರುಷವೂ ಕೆಲಸವಿತ್ತು. 1992ರ 'ಜೀವನ ಚೈತ್ರ'ದಲ್ಲಿ ಅವರು ಬರೆದ ನಾದೋಪಾಸನೆಯ ಹಾಡಿಗಾಗಿ ರಾಜಕುಮಾರರಿಗೆ ಗಾಯಕರ ರಾಷ್ಟ್ರಪ್ರಶಸ್ತಿಯು ಬಂದಿತು. 1993ರ ಜುಲೈಯಲ್ಲಿ, ಅರವತ್ತು ತುಂಬುವ ಮೊದಲೇ, ಅವರು ತೀರಿಕೊಂಡರು. ನನಗೆ ಈಗ ಅರವತ್ತು.

ಭಾಲ್ಕಿಯ ಮಿತ್ರರೇ, ನಿಮ್ಮ ಮೂರು ಪ್ರಶ್ನೆಗಳಿಗೆ ಉತ್ತರವು ಹೀಗಿರುತ್ತದೆ. ಮಾತು ಬರೆಯುವವರು ಬೇರೆಯೇ ಇರುತ್ತಾರೆ. ಹೊಟ್ಟೆ ತುಂಬಿದವರು ಬೆರಳೆಣಿಕೆಯಷ್ಟು. ಅವರಲ್ಲಿ ಹಲವರಿಗೆ ಮನೆಯ ಬಲವೋ ಒಬ್ಬ ದೊಡ್ಡ ನಟನ ನಂಬಿಕೆಯೋ ಇತ್ತು. ಮರ್ಯಾದೆಯ ಮಾತನ್ನು ಮೇಲೆ ಹೇಳಿದ್ದೇನೆ. ಮಗನು ಬಿ.ಎಡ್. ಓದಲಿ, ಎರಡು ವರ್ಷದ ಮಾತು. ಓದುವಾಗ ಬರೆಯಬೇಡವೆಂದು ನೀವು ತಡೆಯಬೇಡಿರಿ. ಬೆಂಗಳೂರಿನ ಬಸ್ಸು ಎರಡು ವರ್ಷದ ಮೇಲೂ ಹೊರಡುತ್ತದೆ.

ಇನ್ನು ಹುಡುಗನಿಗೆ ಒಂದು ಮಾತು. ನಿಮ್ಮ ಮನೆಯಲ್ಲಿ ತಂದೆಯೂ ಮಗನೂ ಮಾತು ಬಿಟ್ಟು ಉಣ್ಣುತ್ತಿರುವ ಆ ಊಟವನ್ನೇ ಒಂದು ದೃಶ್ಯವಾಗಿ ಬರೆ. ನಾಲ್ಕು ಪುಟ ಮೀರಕೂಡದು. ಬೆಂಗಳೂರಿನ ಮಾತು ಬೇಡ. ನಿಮ್ಮ ತಾಯಿಯು ಆ ಹೊತ್ತಿನಲ್ಲಿ ಏನು ಅನ್ನುವಳೋ ಅದನ್ನು ಅವಳ ಮಾತಿನಲ್ಲಿಯೇ ಬರೆ. ರವಿವಾರ ಮುಂಜಾನೆ ಹತ್ತು ಗಂಟೆಯ ಮೇಲೆ ನಾನು ಬೀದರದ ಮನೆಯಲ್ಲಿ ಇರುತ್ತೇನೆ. ಕಾಗದವನ್ನು ಹಿಡಿದುಕೊಂಡು ಬಾ. ಬರುವಾಗ ತಂದೆಯವರನ್ನೂ ಕರೆದುಕೊಂಡು ಬಾ. ನೀನು ಓದು, ಅವರು ಕೇಳಲಿ.